ಮಗುವಿನ ಕಣ್ಣು: ಒಂದೊಂದಾಗಿ ಮುಚ್ಚಿ ನೋಡಿ

ಸಕಲೇಶಪುರದ ಹತ್ತಿರ ತಂಗಿ ಮನೆಯ ಕಾಫಿ ಕಣದಲ್ಲಿ ಅವಳ ಮಗಳಿಗೆ ಚಾಟಿಬಿಲ್ಲು ಹಿಡಿಯುವುದನ್ನು ಕಲಿಸುತ್ತಿದ್ದೆ. ಆರು ವರ್ಷದ ಹುಡುಗಿ. ‘ಎಡಗಣ್ಣು ಮುಚ್ಚಿ ಗುರಿ ಇಡು’ ಅಂದೆ. ಮುಚ್ಚಿದಳು. ‘ಮಾಮ, ಸಿಲ್ವರ್ ಮರ ಕಾಣ್ತಿಲ್ಲ’ ಅಂದಳು. ತಮಾಷೆ ಅಂದುಕೊಂಡೆ. ಬಲಗಣ್ಣು ಮುಚ್ಚಿಸಿದರೆ ಮರಕ್ಕೆ ಹಬ್ಬಿದ ಮೆಣಸಿನ ಬಳ್ಳಿಯೂ ಕಾಣುತ್ತಿತ್ತು.

ಅಲ್ಲಿಯವರೆಗೆ ಅವಳು ಕಣ್ಣಿನ ಬಗ್ಗೆ ಒಂದು ಮಾತೂ ಹೇಳಿರಲಿಲ್ಲ. ಹೇಗೆ ಹೇಳುತ್ತಾಳೆ? ಹುಟ್ಟಿದಾಗಿನಿಂದ ಹಾಗೇ ಕಂಡಿದ್ದರೆ, ಎಲ್ಲರಿಗೂ ಹೀಗೇ ಅಂದುಕೊಂಡಿರುತ್ತಾಳೆ, ಅಲ್ವಾ? ಒಂದು ಕಣ್ಣಿನ ಚಿತ್ರ ಮಸುಕಾಗಿದ್ದರೆ ಮಿದುಳು ಅದನ್ನು ಬಿಟ್ಟು ಚೆನ್ನಾಗಿರುವ ಕಣ್ಣನ್ನೇ ನೆಚ್ಚಿಕೊಳ್ಳುತ್ತದೆ. ಇದೇ ಸೋಂಬೇರಿ ಕಣ್ಣು. ಏಳೆಂಟು ವರ್ಷದೊಳಗೆ ಸಿಕ್ಕಿದರೆ ಚಿಕಿತ್ಸೆ ಚೆನ್ನಾಗಿ ಹಿಡಿಯುತ್ತದೆ. ಆಮೇಲೆ ಕಷ್ಟ ಜಾಸ್ತಿ.

ಹಾಗಾದರೆ ಮನೆಯಲ್ಲಿ ಯಾವಾಗ, ಏನು ನೋಡಬೇಕು?

ಶುರು ಹೆರಿಗೆ ಆಸ್ಪತ್ರೆಯಿಂದಲೇ. ಮನೆಗೆ ಕಳಿಸುವ ಮುಂಚೆ ‘ಮಗುವಿನ ಕಣ್ಣಿಗೆ ಲೈಟ್ ಬಿಟ್ಟು ನೋಡಿದ್ರಾ?’ ಅಂತ ಕೇಳಿ. ಬೆಳಕು ಬಿಟ್ಟಾಗ ಎರಡೂ ಕಣ್ಣಿನ ಪಾಪೆ ಒಂದೇ ಥರ ಕೆಂಪಗೆ ಹೊಳೆಯಬೇಕು. ಬೆಳ್ಳಗೆ ಕಂಡರೆ ಪೊರೆ ಇರಬಹುದು, ಕಣ್ಣಿನ ಒಳಗೆ ಗಡ್ಡೆಯೂ ಇರಬಹುದು. ಮುಂದೆ ಯಾವ ವಯಸ್ಸಿನಲ್ಲೇ ಆಗಲಿ, ಫ್ಲ್ಯಾಶ್ ಹಾಕಿ ತೆಗೆದ ಫೋಟೋಗಳಲ್ಲಿ ಒಂದು ಪಾಪೆ ಪದೇ ಪದೇ ಬಿಳಿ ಚುಕ್ಕೆಯಾಗಿ ಬಂದರೆ ಆ ವಾರವೇ ಕಣ್ಣಿನ ಡಾಕ್ಟರ ಹತ್ತಿರ ಹೋಗಿ. ನಾಮಕರಣ ಮುಗಿಯಲಿ, ಜಾತ್ರೆ ಮುಗಿಯಲಿ ಅಂತ ಕಾಯಬೇಡಿ.

ದಿನ ತುಂಬದೆ ಹುಟ್ಟಿದ ಕೂಸಿನ ಮಾತೇ ಬೇರೆ. 34 ವಾರಕ್ಕೆ ಮುಂಚೆ ಹುಟ್ಟಿದ್ದರೆ, ಅಥವಾ ತೂಕ 2 ಕೆ.ಜಿ.ಗಿಂತ ಕಡಿಮೆ ಇದ್ದರೆ, ಕಣ್ಣಿನ ಹಿಂಪರದೆಯ (ರೆಟಿನಾ) ಪರೀಕ್ಷೆ ಹುಟ್ಟಿದ 30 ದಿನದೊಳಗೆ ಆಗಲೇಬೇಕು. 28 ವಾರಕ್ಕೂ ಮುಂಚೆ ಹುಟ್ಟಿದ ಅಥವಾ 1,200 ಗ್ರಾಂಗಿಂತ ಕಡಿಮೆ ತೂಕದ ಮಗುವಿಗೆ ಎರಡು–ಮೂರು ವಾರದಲ್ಲೇ. ಇಂಥ ಮಕ್ಕಳಲ್ಲಿ ಹಿಂಪರದೆಯ ರಕ್ತನಾಳ ಪೂರ್ತಿ ಬೆಳೆದಿರುವುದಿಲ್ಲ. ಅವು ಅಡ್ಡಾದಿಡ್ಡಿ ಬೆಳೆದು ಪರದೆಯನ್ನೇ ಎಳೆದುಬಿಡಬಹುದು. ಹೊರಗಿನಿಂದ ನೋಡಿದರೆ ಕಣ್ಣು ಫಳಫಳ ಅಂತಲೇ ಇರುತ್ತದೆ.

ನಮ್ಮ ಕಡೆ ತೊಡಕಾಗುವುದು ಇಲ್ಲೇ. ಆ 30ನೇ ದಿನ ಬರುವುದು ಸರಿಯಾಗಿ ಬಾಣಂತನದ ನಡುವೆ. ತಾಯಿ ತವರಿನಲ್ಲಿ, ಕಿವಿಗೆ ಹತ್ತಿ, ತಲೆಗೆ ಬಟ್ಟೆ. ‘ಹಸಿ ಬಾಣಂತಿ, ಕೂಸನ್ನ ಗಾಳಿಗೆ ಒಯ್ಯಬಾರದು’ ಅನ್ನುತ್ತಾರೆ ಅಜ್ಜಿ. ಅಜ್ಜಿಯನ್ನು ಎದುರುಹಾಕಿಕೊಳ್ಳಬೇಡಿ. ತಾರೀಕನ್ನು ಡಿಸ್ಚಾರ್ಜ್ ಚೀಟಿಯ ಮೇಲೆ ಡಾಕ್ಟರ ಕೈಯಲ್ಲೇ ಬರೆಸಿಕೊಳ್ಳಿ, ಗೋಡೆಯ ಕ್ಯಾಲೆಂಡರಿನಲ್ಲಿ ಗುರುತು ಹಾಕಿ, ಕಾರಿನ ಕಿಟಕಿ ಏರಿಸಿಕೊಂಡು ಹೋಗಿ ಬನ್ನಿ. ಒಂದು ಸಲಕ್ಕೆ ಮುಗಿಯುವುದೂ ಇಲ್ಲ. ‘ಇನ್ನು ಸಾಕು’ ಅನ್ನುವವರೆಗೆ ಕರೆದಾಗಲೆಲ್ಲ ಹೋಗಬೇಕು. ಲೇಸರ್ ಬೇಕು ಅಂದರೆ ಅದು ಎರಡು–ಮೂರು ದಿನದೊಳಗೆ ಆಗಬೇಕಾದ ಕೆಲಸ.

ಎರಡು ತಿಂಗಳ ಹೊತ್ತಿಗೆ ಮಗು ಮುಖ ನೋಡಿ ನಗಬೇಕು. ಮೂರು ತಿಂಗಳಿಗೆ ಎದುರಿನ ವಸ್ತುವಿನ ಹಿಂದೆ ಕಣ್ಣು ಓಡಿಸಬೇಕು. ಇದನ್ನು ಗಿಲಕಿ ಹಿಡಿದು ನೋಡಬೇಡಿ, ಮಗು ಸದ್ದಿಗೆ ತಿರುಗಿಬಿಡುತ್ತದೆ. ಕೆಂಪು ಉಲ್ಲನ್ ಉಂಡೆ ಸಾಕು. ಮುಖದಿಂದ ಒಂದಡಿ ದೂರದಲ್ಲಿ ನಿಧಾನಕ್ಕೆ ಆ ಕಡೆ ಈ ಕಡೆ ಸರಿಸಿ.

ಮೊದಮೊದಲು ಕಣ್ಣು ಆಗೀಗ ಅಡ್ಡ ತಿರುಗುವುದು ಸಹಜ. ನಾಲ್ಕು ತಿಂಗಳು ದಾಟಿದ ಮೇಲೂ ತಿರುಗುತ್ತಿದ್ದರೆ ತೋರಿಸಿ. ಮೆಳ್ಳೆಗಣ್ಣು ಅದೃಷ್ಟ ಅನ್ನುವವರು ಪ್ರತಿ ಊರಲ್ಲೂ ಒಬ್ಬರಿರುತ್ತಾರೆ. ಅವರಿಗೆ ಕಾಫಿ ಕೊಟ್ಟು ಕಳಿಸಿ. ಕೆಲವು ಮಕ್ಕಳಿಗೆ ಮೂಗಿನ ಸೇತುವೆ ಅಗಲವಾಗಿದ್ದು ಸುಮ್ನೆ ಮೆಳ್ಳೆಯ ಹಾಗೆ ಕಾಣುವುದೂ ಉಂಟು. ಎರಡಡಿ ದೂರದಿಂದ ಸಣ್ಣ ಟಾರ್ಚ್ ಹಿಡಿದು, ಎರಡೂ ಪಾಪೆಯಲ್ಲಿ ಬೆಳಕಿನ ಚುಕ್ಕೆ ಒಂದೇ ಜಾಗದಲ್ಲಿ ಕೂತಿದೆಯಾ ನೋಡಿ. ಕೂತಿಲ್ಲದಿದ್ದರೆ, ಅಥವಾ ಅನುಮಾನವಿದ್ದರೆ, ಡಾಕ್ಟರಿಗೆ ಬಿಡಿ.

ಆರು ತಿಂಗಳಾದ ಮೇಲೆ ಮುಚ್ಚುವ ಆಟ. ಮಗು ಏನನ್ನಾದರೂ ನೋಡುತ್ತಿರುವಾಗ ಅಂಗೈ ಅಡ್ಡ ಹಿಡಿದು ಒಂದು ಕಣ್ಣು ಮರೆ ಮಾಡಿ, ಒತ್ತಬೇಡಿ. ಆಮೇಲೆ ಇನ್ನೊಂದು. ಯಾವ ಕಣ್ಣು ಮುಚ್ಚಿದರೂ ಒಂದೇ ಥರ ಇದ್ದರೆ ಸರಿ. ಒಂದನ್ನು ಮುಚ್ಚಿದಾಗ ಮಾತ್ರ ಕೈ ತಳ್ಳಿ ಅತ್ತರೆ, ತೆರೆದಿರುವ ಕಣ್ಣಿನ ಮೇಲೆ ಅನುಮಾನ ಪಡಿ.

ನಾಲ್ಕು ವರ್ಷಕ್ಕೆ ‘ಇ’ ಆಟ ಆಡಬಹುದು. ಬಿಳಿ ಹಾಳೆಯಲ್ಲಿ 9 ಮಿಲಿಮೀಟರ್ ಚೌಕದೊಳಗೆ ಇಂಗ್ಲಿಷಿನ ದೊಡ್ಡ ‘ಇ’ ಅಕ್ಷರವನ್ನು ಕಪ್ಪು ಮಸಿಯಲ್ಲಿ ಬರೆಯಿರಿ. ಮೂರು ಕಡ್ಡಿ, ನಡುವೆ ಎರಡು ಖಾಲಿ, ಐದೂ ಒಂದೇ ದಪ್ಪ ಇರಲಿ. ಮಗುವನ್ನು ಸರಿಯಾಗಿ 3 ಮೀಟರ್ ದೂರ ಕೂರಿಸಿ. ಕಡ್ಡಿಗಳು ಯಾವ ಕಡೆ ಅಂತ ಬೆರಳಲ್ಲಿ ತೋರಿಸಲಿ. ಹಾಳೆ ತಿರುಗಿಸುತ್ತಾ ಒಂದೊಂದು ಕಣ್ಣಿಗೂ ಐದಾರು ಸಲ ಕೇಳಿ. ಮುಚ್ಚುವುದು ಅಂಗೈಯಿಂದ. ಬೆರಳಿನಿಂದ ಮುಚ್ಚಿದರೆ ಸಂದಿಯಲ್ಲಿ ಇಣುಕುತ್ತಾರೆ, ಕಿಲಾಡಿಗಳು. ಜುಲೈ ಮಳೆಯಲ್ಲಿ ಕರೆಂಟಿಲ್ಲದ ಮಧ್ಯಾಹ್ನ ಈ ಆಟ ಬೇಡ, ಒಳ್ಳೆ ಬೆಳಕು ಬೇಕು. ಒಂದು ಕಣ್ಣಿನಲ್ಲಿ ಹೇಳಿದ್ದನ್ನು ಇನ್ನೊಂದರಲ್ಲಿ ಹೇಳಲಾಗದಿದ್ದರೆ ಅದೇ ದೊಡ್ಡ ಸುಳಿವು.

ಇದೆಲ್ಲ ಮನೆಯ ಜರಡಿ ಅಷ್ಟೇ. ರಾಷ್ಟ್ರೀಯ ಬಾಲ ಸ್ವಾಸ್ಥ್ಯ ಕಾರ್ಯಕ್ರಮದ ತಂಡ ಅಂಗನವಾಡಿಗೆ ವರ್ಷಕ್ಕೆ ಎರಡು ಸಲ, ಸರ್ಕಾರಿ ಶಾಲೆಗೆ ಒಂದು ಸಲ ಬರಬೇಕು. ಆಶಾ ಕಾರ್ಯಕರ್ತೆಯನ್ನೋ ಟೀಚರನ್ನೋ ಕೇಳಿ ತಾರೀಕು ತಿಳಿದುಕೊಳ್ಳಿ. ಕಾಫಿ ಕೊಯ್ಲಿನ ದಿನಗಳಲ್ಲಿ ಲೈನ್ ಮನೆಯ, ಅಂದರೆ ತೋಟದ ಕೆಲಸದವರ ಮಕ್ಕಳು ಶಾಲೆ ತಪ್ಪಿಸುವುದು ಜಾಸ್ತಿ. ತಂಡ ಬರುವ ದಿನ ಅವರನ್ನು ಕಳಿಸುವ ಹೊಣೆ ತೋಟದ ಮಾಲೀಕರಿಗೂ ಇದೆ ಅಂತ ನನ್ನ ಅಭಿಪ್ರಾಯ. ಮುಂದಿನ ಪರೀಕ್ಷೆಗೆ ಹಾಸನದಲ್ಲಿ ಸರ್ಕಾರಿ ಮೆಡಿಕಲ್ ಕಾಲೇಜು ಆಸ್ಪತ್ರೆ ಹಿಮ್ಸ್ ಇದೆ. ಚೀಟಿ ಬರೆದುಕೊಟ್ಟರೆ ಅದನ್ನು ಅಕ್ಕಿ ಡಬ್ಬದ ಮೇಲೆ ಇಟ್ಟು ಮರೆಯಬೇಡಿ.

ಡಾಕ್ಟರು ಪಾಪೆ ಅಗಲಿಸುವ ಔಷಧಿ ಹಾಕುತ್ತಾರೆ. ಕೆಲವು ದಿನ ಬಿಸಿಲು ಚುಚ್ಚಬಹುದು, ಹೆದರಬೇಡಿ, ಟೋಪಿ ಹಾಕಿ. ಮನೆಯಲ್ಲಿ ಮಾತ್ರ ಕಣ್ಣಿಗೆ ಹರಳೆಣ್ಣೆ, ಎದೆಹಾಲು, ಕಾಡಿಗೆ ಯಾವುದೂ ಬೇಡ.

ತಂಗಿ ಮಗಳಿಗೆ ಕನ್ನಡಕ ಬಂತು. ಜೊತೆಗೆ, ಸೋಂಬೇರಿ ಕಣ್ಣು ಕೆಲಸ ಮಾಡಲಿ ಅಂತ, ಒಳ್ಳೆಯ ಕಣ್ಣಿಗೆ ದಿನಕ್ಕೆ ಎರಡು ಗಂಟೆ ಪಟ್ಟಿ. ಕನ್ನಡಕದ ಗಾಜಿಗಲ್ಲ, ಚರ್ಮಕ್ಕೇ ಅಂಟಿಸಬೇಕು. ಮೊದಲ ವಾರ ಕಿತ್ತು ಕಿತ್ತು ಬಿಸಾಡಿದಳು. ಈಗ ತಂಗಿ ಒಂದು ಉಪಾಯ ಮಾಡಿದ್ದಾಳೆ. ಪಟ್ಟಿ ಅಂಟಿಸಿ, ಮುಂದೆ ಒಂದು ಮೊರ ಕಾಫಿ ಬೀಜ ಸುರಿದು, ಕಪ್ಪು ಬೀಜ ಆರಿಸಲು ಕೂರಿಸುತ್ತಾಳೆ. ಹತ್ತು ಬೀಜಕ್ಕೆ ಒಂದು ರೂಪಾಯಿ.