ಸ್ಟಾರ್ಟರ್ ಡಬ್ಬದಿಂದ ಎದ್ದ ಮಾಟ

ಮಂಡ್ಯದಲ್ಲಿ ನನ್ನದು ಪಂಪ್‌ಸೆಟ್ ಮೋಟಾರ್‌ಗೆ ವೈಂಡಿಂಗ್ ಮಾಡುವ, ಸ್ಟಾರ್ಟರ್ ರಿಪೇರಿ ಮಾಡುವ ಅಂಗಡಿ. ಕತೆ ಬರೆಯುವುದು ಷಟರ್ ಎಳೆದ ಮೇಲಿನ ಚಟ. ಈಗ ಬರೆಯುತ್ತಿರುವ ಕಾದಂಬರಿಯಲ್ಲಿ ಮಾಟ ಇದೆ. ಆದರೆ ಕೈ ಬೀಸಿದರೆ ಬೆಂಕಿ ಬರುವ ಮಾಟ ನನಗೆ ಮೊದಲಿಂದಲೂ ಆಗಿಬರುವುದಿಲ್ಲ. ಬೆಂಕಿ ಬಂತು ಸರಿ, ಎಲ್ಲಿಂದ ಬಂತು? ಯಾರ ಮನೆ ಮೀಟರ್ ಓಡಿತು?

ಹಾಗಾಗಿ ಮಾಟವನ್ನು ಸರ್ಕ್ಯೂಟ್ ಮಾಡಿ ಕಟ್ಟಿದೆ. ಕಟ್ಟಿದ್ದೂ ಉಲ್ಟಾ ಕಡೆಯಿಂದ. ಮಾಟ ಏನೇನು ಮಾಡಬಲ್ಲದು ಅಂತ ಬರೆಯಲಿಲ್ಲ, ಹೇಗೆಲ್ಲ ಕೆಡುತ್ತದೆ ಅಂತ ಬರೆದುಕೊಂಡೆ. ರಿಪೇರಿಯವನಿಗೆ ಬರುವುದು ಅದೇ ಅಲ್ವಾ? ಚೆನ್ನಾಗಿ ಓಡುವ ಮೋಟಾರನ್ನು ಯಾರೂ ನನ್ನ ಅಂಗಡಿಗೆ ತರುವುದಿಲ್ಲ.

ನನ್ನ ಕತೆಯ ಊರಲ್ಲಿ ಹರಿಯುವುದಕ್ಕೆ ಕಸುವು ಅಂತ ಹೆಸರು. ಹುಟ್ಟುವುದು ನೀರು ಬೀಳುವ ಕಡೆ, ಹರಿಯುವುದು ತಾಮ್ರದ ತಗಡಿನ ಗೆರೆಗಳಲ್ಲಿ. ತಾಯತದೊಳಗೆ ಸುತ್ತಿಡುವ ಯಂತ್ರದ ತಗಡನ್ನೂ ಕೆಟ್ಟ ಟಿವಿಯ ಬೋರ್ಡಿನ ಬೆನ್ನನ್ನೂ ನೋಡಿದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಗೆರೆ ಹೊರಟಲ್ಲಿಗೇ ಮರಳಬೇಕು. ನಡುವೆ ಎಲ್ಲೋ ಕಡಿದಿದ್ದರೆ ಮಾಟ ನಡೆಯುವುದಿಲ್ಲ. ತಾಗಬಾರದ ಎರಡು ಗೆರೆ ತಾಗಿದರೆ ತಗಡೇ ಕರಗುತ್ತದೆ.

ಷರತ್ತುಗಳೂ ಗೆರೆಯಲ್ಲೇ. ಮನೆಯವರು ಮಲಗಿರಬೇಕು, ಹೊರಗಿನವನು ಹೊಸಿಲು ದಾಟಿರಬೇಕು, ಎರಡೂ ಆದರೆ ಮಾತ್ರ ಕಾವಲು ಏಳಬೇಕು ಅಂದರೆ ಎರಡು ಸ್ವಿಚ್ ಒಂದೇ ದಾರಿಯಲ್ಲಿ ಒಂದರ ಹಿಂದೊಂದು, ಸೀರೀಸ್‌ನಲ್ಲಿ. ಯಾವುದಾದರೊಂದು ಸಾಕು ಅಂದರೆ ಅಕ್ಕಪಕ್ಕ ಎರಡು ದಾರಿ, ಪ್ಯಾರಲಲ್. ಸ್ವಿಚ್ಚು, ರಿಲೇಗಳಿಂದ (ಕರೆಂಟೇ ಒತ್ತುವ ಸ್ವಿಚ್ಚು) ತರ್ಕವನ್ನೇ ಕಟ್ಟಬಹುದು ಅಂತ ಅಮೆರಿಕದ ಗಣಿತಜ್ಞ ಕ್ಲಾಡ್ ಶ್ಯಾನನ್ 1937ರಲ್ಲಿ ಬರೆದ ಎಂಐಟಿ ಪ್ರಬಂಧದಲ್ಲೇ ತೋರಿಸಿದ್ದ. ನಮ್ಮ ಕಡೆ ಪ್ಯಾನೆಲ್ ವೈರಿಂಗ್ ಮಾಡುವ ಹುಡುಗರು ಅವನ ಹೆಸರು ಕೇಳದೆಯೇ ದಿನಾ ಅದನ್ನು ಮಾಡುತ್ತಾರೆ. ಟ್ರಾನ್ಸಿಸ್ಟರ್, ಚಿಪ್ಪು ಬೇಡ ಅಂತ ಬಿಟ್ಟೆ. ಕಣ್ಣಿಗೆ ಕಾಣದ್ದು ಕೆಟ್ಟರೆ ಓದುವವನಿಗೆ ಏನು ಮಜಾ?

ನನಗೆ ಜಾಸ್ತಿ ಕೊಟ್ಟಿದ್ದು ಸ್ಟಾರ್ಟರ್‌ನ ಹಸಿರು ಬಟನ್. ಒತ್ತಿ ಕೈ ಬಿಟ್ಟರೂ ಮೋಟಾರ್ ಓಡುತ್ತಲೇ ಇರುತ್ತದಲ್ಲ, ಯಾಕೆ? ಒತ್ತಿದಾಗ ಕಾಯಿಲ್, ಅಂದರೆ ತಂತಿಯ ಸುರುಳಿ, ಕಾಂತವಾಗಿ ಕಾಂಟ್ಯಾಕ್ಟರನ್ನು, ಅಂದರೆ ಮೋಟಾರಿಗೆ ಕರೆಂಟ್ ಬಿಡುವ ದೊಡ್ಡ ಸ್ವಿಚ್ಚನ್ನು, ಎಳೆಯುತ್ತದೆ. ಜೊತೆಗೆ ಪಕ್ಕದ ಚಿಕ್ಕ ಕಾಂಟ್ಯಾಕ್ಟ್ ಒಂದು ಕೂಡಿಕೊಳ್ಳುತ್ತದೆ. ಬೆರಳು ತೆಗೆದ ಮೇಲೆ ಕಾಯಿಲ್‌ಗೆ ಕರೆಂಟ್ ಬರುವುದು ಆ ಚಿಕ್ಕ ಕಾಂಟ್ಯಾಕ್ಟ್ ದಾರಿಯಲ್ಲಿ. ತನ್ನನ್ನು ತಾನೇ ಹಿಡಿದುಕೊಂಡಿರುತ್ತದೆ. ಹೋಲ್ಡಿಂಗ್ ಅನ್ನುತ್ತೇವೆ. ಕೆಂಪು ಬಟನ್ ಆ ದಾರಿಯನ್ನು ಕಡಿಯುತ್ತದೆ. ಕರೆಂಟ್ ಹೋದರೂ ಹಿಡಿತ ಬಿಡುತ್ತದೆ. ಮತ್ತೆ ಬಂದರೂ ಯಾರಾದರೂ ಹಸಿರು ಒತ್ತುವ ತನಕ ಮೋಟಾರ್ ಏಳುವುದಿಲ್ಲ.

ಮಾಟಗಾತಿ ಊರು ಬಿಟ್ಟ ಮೇಲೂ ಮಾಟ ಉಳಿಯುವುದು ಹೇಗೆ ಅನ್ನುವುದಕ್ಕೆ ಇದಕ್ಕಿಂತ ಒಳ್ಳೆ ಉತ್ತರ ನನಗೆ ಸಿಕ್ಕಿಲ್ಲ. ಖಳನಿಗೂ ಕೆಲಸ ಸಿಕ್ಕಿತು. ಅವನು ಯಾವ ಮಾಟವನ್ನೂ ಮುರಿಯಬೇಕಿಲ್ಲ. ಮೂಲದಲ್ಲಿ ಕಸುವನ್ನು ಒಂದು ಗಳಿಗೆ ತಡೆದರೆ ಊರಿನ ಕಾವಲೆಲ್ಲ ಬಿದ್ದುಹೋಗುತ್ತದೆ. ಇದಕ್ಕೆ ಪರಿಹಾರ ಅಂತ ಸಂತೆಯಲ್ಲಿ ಒಬ್ಬ ಆಟೋ ತಗಡು ಮಾರುತ್ತಾನೆ. ಪಂಪ್‌ಸೆಟ್ಟಿನ ಮೂರು ಲೈನಿನ ತ್ರೀ ಫೇಸ್ ಕರೆಂಟ್ ನಡುರಾತ್ರಿ ಬಂದರೆ ಯಾರು ಎದ್ದು ಹೋಗುತ್ತಾರೆ ಅಂತ ನಮ್ಮ ರೈತರು ಸ್ಟಾರ್ಟರ್‌ಗೆ ಆಟೋ ಸ್ವಿಚ್ ಹಾಕಿಸುತ್ತಾರಲ್ಲ, ಅದೇ. ಕಸುವು ಬಂದ ಕೂಡಲೇ ಮಾಟ ತಾನಾಗಿ ಏಳುತ್ತದೆ. ಬಾವಿಯೊಳಗೆ ಯಾರೋ ಇಳಿದಿದ್ದಾರೆ ಅಂತ ತಗಡಿಗೇನು ಗೊತ್ತು?

ಇಷ್ಟನ್ನೂ ಬೆಂಚಿನ ಮೇಲೆ ಹಳೇ ಕಾಂಟ್ಯಾಕ್ಟರು, ಬಲ್ಬು ಜೋಡಿಸಿ ನೋಡುತ್ತೇನೆ. ಅಲ್ಲಿ ನಡೆಯದ ಮಾಟ ಕತೆಯಲ್ಲೂ ನಡೆಯುವಂತಿಲ್ಲ.

ಕತೆಯ ಗಿರಣಿಯ ಚಕ್ರ ತಿರುಗಿಸಲು ಮೂರು ತಮಟೆ ಬೇಕು ಅಂತ ಇಟ್ಟೆ. ಒಂದೇ ಗತಿ, ಆದರೆ ಏಟು ಒಂದರ ಹಿಂದೆ ಒಂದು, ಮೂರರಲ್ಲಿ ಒಂದು ಪಾಲು ತಡವಾಗಿ ಬೀಳಬೇಕು. ತ್ರೀ ಫೇಸ್ ಮೋಟಾರಿನೊಳಗೆ ಕಾಂತದ ಸೆಳೆತ ಸುತ್ತುವುದು ಹೀಗೆಯೇ. ಇಬ್ಬರು ಸರದಿ ಅದಲುಬದಲು ಮಾಡಿಕೊಂಡರೆ ಚಕ್ರ ಉಲ್ಟಾ ತಿರುಗುತ್ತದೆ. ಒಬ್ಬ ನಿಲ್ಲಿಸಿದ ಅನ್ನಿ, ಚಕ್ರ ತಕ್ಷಣ ನಿಲ್ಲುವುದಿಲ್ಲ! ಓಡುವಾಗ ಒಂದು ಫೇಸ್ ಹೋದ ಮೋಟಾರ್ ಹೊರೆ ತೀರಾ ಹೆಚ್ಚಿಲ್ಲದಿದ್ದರೆ ಗುಂಯ್ ಅಂತ ನರಳುತ್ತಾ ಓಡುತ್ತಲೇ ಇರುತ್ತದೆ, ಉಳಿದೆರಡು ಲೈನ್ ಜಾಸ್ತಿ ಕರೆಂಟ್ ಎಳೆಯುತ್ತವೆ. ಆದರೆ ಒಮ್ಮೆ ನಿಂತರೆ ಏಳುವುದಿಲ್ಲ. ನಿಂತಲ್ಲೇ ಗುಂಯ್‌ಗುಟ್ಟುತ್ತಾ ಸುಡುತ್ತದೆ. ಅಂಥ ಮೋಟಾರ್ ಬಿಚ್ಚಿದರೆ ವಾರ್ನಿಷ್ ಸುಟ್ಟ ನಾತ. ಮೂರು ಕಾಯಿಲಿನ ಒಂದೊಂದು ತುದಿ ಒಂದೇ ಕಡೆ ಕೂಡುವ ಸ್ಟಾರ್ ಕನೆಕ್ಷನ್ ಆದರೆ ಎರಡು ಫೇಸಿನ ಕಾಯಿಲ್ ಕರಿ, ಮೂರನೆಯದು ಹೊಸದರಂತೆ ಹೊಳೆಯುತ್ತಿರುತ್ತದೆ. ಹೊಳೆಯುವುದೇ ಕರೆಂಟ್ ತಪ್ಪಿದ ಫೇಸ್.

ನನ್ನ ಕತೆಯ ಕೊಲೆಯ ಗುಟ್ಟು ಬಯಲಾಗುವುದು ಇಲ್ಲೇ. ಗಿರಣಿಯ ಚಕ್ರ ಸುಟ್ಟ ರಾತ್ರಿ ತಮಟೆಯ ಮೂವರೂ ಕೊನೇ ತನಕ ಬಾರಿಸಿದೆವು ಅನ್ನುತ್ತಾರೆ. ಎರಡು ತಮಟೆಯ ಚರ್ಮ ಕಪ್ಪಗೆ ಸೀದಿದೆ. ಮೂರನೆಯದು ಹಾಗೇ ಇದೆ. ತಮಟೆ ಬಂದ ಮೇಲೆ ಊರಿನ ರಾಜಕೀಯವೂ ಬದಲಾಯಿತು. ಕೇರಿಯ ಮೂವರು ಕೋಲು ಕೆಳಗಿಟ್ಟರೆ ಗೌಡರ ಗಿರಣಿ ನಿಲ್ಲುತ್ತದೆ. ಇದನ್ನು ನಾನು ಬೇಕು ಅಂತ ತುರುಕಿದ್ದಲ್ಲ, ಸರ್ಕ್ಯೂಟೇ ತಂದಿದ್ದು.

ದೂರದ ಲೆಕ್ಕ ಶಿವನಸಮುದ್ರದ್ದು. 1902ರಲ್ಲಿ ಅಲ್ಲಿಂದ ಕೋಲಾರದ ಚಿನ್ನದ ಗಣಿಗೆ ಸುಮಾರು 147 ಕಿಲೋಮೀಟರ್ ತಂತಿ ಎಳೆದು ಕರೆಂಟ್ ಕಳಿಸಿದರು. ಬೆಂಗಳೂರಿಗೆ ದೀಪ ಬಂದಿದ್ದು 1905ರಲ್ಲಿ. ಮೊದಲು ಗಣಿ, ಆಮೇಲೆ ಊರು! ತಂತಿಯಲ್ಲಿ ಹರಿವು ಅರ್ಧ ಆದರೆ ಬಿಸಿಯಾಗಿ ಕಳೆದುಹೋಗುವುದು ಕಾಲು ಭಾಗಕ್ಕೆ ಇಳಿಯುತ್ತದೆ. ಅದಕ್ಕೇ ಒತ್ತಡ ಏರಿಸಿ, ಹರಿವು ತಗ್ಗಿಸಿ ಕಳಿಸುವುದು. ಹಾಗೆ ಏರಿಸಿ ಇಳಿಸಲು ಹರಿವು ಸದಾ ಏರಿಳಿಯುತ್ತಿರಬೇಕು, ತಮಟೆ ಹೇಗೂ ಇದೆ. ಕತೆಯಲ್ಲಿ ರಾಜನ ಗಣಿಗೆ ಹೋಗುವ ತಂತಿ ಊರ ಮೇಲೇ ಹಾದುಹೋಗುತ್ತದೆ, ಕೆಳಗೆ ಕತ್ತಲು. ಅಷ್ಟು ಒತ್ತಡವನ್ನು ಮನೆಗೆ ಇಳಿಸಲು ಟಿಸಿ, ಅಂದರೆ ಟ್ರಾನ್ಸ್‌ಫಾರ್ಮರ್, ಬೇಕು. ಅದನ್ನು ಯಾರ ಜಮೀನಿನಲ್ಲಿ ನಿಲ್ಲಿಸಬೇಕು ಅನ್ನುವ ಜಗಳ ನಮ್ಮ ಕಡೆಯವರಿಗೆ ಹೊಸದಲ್ಲ.

ಕಾದಂಬರಿಯಲ್ಲಿ ಇದ್ಯಾವುದನ್ನೂ ವಿವರಿಸಿಲ್ಲ. ವೋಲ್ಟ್, ಆಂಪ್ ಅನ್ನುವ ಪದವೇ ಇಲ್ಲ. ಪಾತ್ರಗಳು ತಗಡು ಮುಟ್ಟಿ ಬಿಸಿ ನೋಡುತ್ತಾರೆ, ಸದ್ದು ಕೇಳುತ್ತಾರೆ, ಅಷ್ಟೆ. ಗಿರಣಿಯ ಅಧ್ಯಾಯವನ್ನು ಮೋಟಾರ್ ಬಿಡಿಸಿಕೊಳ್ಳಲು ಬಂದಿದ್ದ ಒಬ್ಬ ಕಬ್ಬಿನ ರೈತನಿಗೆ ಓದಲು ಕೊಟ್ಟೆ. ನಿಂತೇ ಓದಿ ಮುಗಿಸಿದ.

"ಎಲ್ಲಾ ಚೆನ್ನಾಗೈತೆ ಕಣಣ್ಣ. ಆದ್ರೆ ಅಂಥಾ ಗಿರಣಿಗೆ ಒಂದು ಪ್ರಿವೆಂಟರ್ ಹಾಕ್ಸಿರ್ಲಿಲ್ವಾ?"

ಒಳ್ಳೆ ಪ್ರಶ್ನೆ. ಫೇಸ್ ಹೋದ ಕೂಡಲೇ ಸಿಂಗಲ್ ಫೇಸ್ ಪ್ರಿವೆಂಟರ್ ಮೋಟಾರನ್ನು ನಿಲ್ಲಿಸಿಬಿಡುತ್ತದೆ. ಅದಿದ್ದರೆ ಚಕ್ರವೂ ಸುಡುತ್ತಿರಲಿಲ್ಲ, ಕೊಲೆಯೂ ಇಲ್ಲ. ಆದರೆ ಸುಮ್ನೆ ಪದೇ ಪದೇ ಟ್ರಿಪ್ ಆಗುತ್ತೆ ಅಂತ ಅದನ್ನು ಬೈಪಾಸ್ ಮಾಡಿಸುವವರು ನಮ್ಮಲ್ಲಿ ಬೇಕಾದಷ್ಟಿದ್ದಾರೆ. ಗೌಡರೂ ಮಾಡಿಸಿದ್ದರು ಅಂತ ಸೇರಿಸಿದೆ. ಯಾರ ಕೈಯಲ್ಲಿ ಮಾಡಿಸಿದರು ಅನ್ನುವುದನ್ನು ಈಗ ಬರೆಯುತ್ತಿದ್ದೇನೆ.