ಚೆಂಡ್ ಬಿಡ್ರಿ, ಆ ಐದು ಮಂದೀನ ನೋಡ್ರಿ: ಅಮೆರಿಕನ್ ಫುಟ್ಬಾಲ್ ಲೈನ್‌ಮನ್ ಕರಿಯರ್ ಫಾಲೋ ಮಾಡೂದು ಹೆಂಗ

ನಮ್ಮ ಅಕ್ಕನ ಮಗ ಟೆಕ್ಸಾಸ್‌ದಾಗ ಹೈಸ್ಕೂಲ್ ಓದ್ತಾನ. ಮೂರು ವರ್ಷದ ಹಿಂದ ಫೋನ್ ಮಾಡಿ ಮಾಮಾ ನಾ ಫುಟ್ಬಾಲ್ ಟೀಮ್ ಸೇರೇನಿ, ಲೆಫ್ಟ್ ಗಾರ್ಡ್ ಆಡ್ತೀನಿ ಅಂದ. ಅಷ್ಟರಾಗ ಅಕ್ಕ ಫೋನ್ ಕಸ್ಕೊಂಡು ಏ ತಮ್ಮಾ, ಇಂವಗ ಚೆಂಡ್ ಮುಟ್ಟಾಕೂ ಬಿಡೂದಿಲ್ಲಂತೋ, ಬರೇ ಎದ್ರಿನವ್ರನ್ನ ತಡಿಯೂದಂತ, ಇದೆಂಥಾ ಆಟೋ ಅಂದ್ಳು. ಅವತ್ತಿಂದ ನಾ ನೋಡಾಕ ಶುರು ಮಾಡಿದ್ದು. ನಾ ಜಮಖಂಡಿ ಕಡೆ ತಾಲೀಮಿನ್ಯಾಗ ಏಳು ವರ್ಷ ಕೆಂಪ ಮಣ್ಣಾಗ ಬೆಳದಂವ, ಎರಡು ವಾರ ನೋಡೂದ್ರಾಗ ತಿಳೀತು, ಇದು ನಮ್ಮ ಕುಸ್ತೀನ ಐತಿ, ನಿಂತ ಕುಸ್ತಿ, ಮೂರು ಸೆಕೆಂಡಿನ ಕುಸ್ತಿ, ಒಂದ ಮ್ಯಾಚಿನ್ಯಾಗ ಅರವತ್ತು ಎಪ್ಪತ್ತು ಸಲ. ಬೆಳಗಾವಿ ಬಾಗಲಕೋಟಿ ವಿಜಾಪುರ ಕಡೆ ಕುಸ್ತಿ ಕಬಡ್ಡಿ ನೋಡಿ ಬೆಳದವ್ರಿಗೆ ಈ ಆಟ ತಿಳಿಯೂದು ಭಾಳ ಸರಳ, ಯಾಕಂದ್ರ ಎಲ್ಲಿ ನೋಡ್ಬೇಕು ಅನ್ನೂದು ನಮ್ಮ ಕಣ್ಣಿಗೆ ಮೊದಲ ಗೊತ್ತೈತಿ.

ಮೊದಲ ಟೈಮಿಂದು ಹೇಳ್ತೀನಿ. ಎನ್‌ಎಫ್‌ಎಲ್, ಅಂದ್ರ ಅಲ್ಲಿನ ದೊಡ್ಡ ವೃತ್ತಿಪರ ಲೀಗ್, ಅದರ ಸೀಸನ್ ಸೆಪ್ಟೆಂಬರ್‌ದಾಗ ಶುರು ಆಗ್ತೈತಿ, 32 ಟೀಮ್, ಒಂದೊಂದು ಟೀಮಿಗೆ 17 ಮ್ಯಾಚ್. ರವಿವಾರದ ಮೊದಲನೇ ಮ್ಯಾಚುಗಳು ನಮ್ಮ ಟೈಮ್ ರಾತ್ರಿ ಹತ್ತೂವರಿಗೆ, ನವೆಂಬರ್‌ದಾಗ ಅವ್ರು ಗಡಿಯಾರ ಹಿಂದ ಸರಿಸಿದ ಮ್ಯಾಲ ಹನ್ನೊಂದೂವರಿಗೆ. ಸೂಪರ್ ಬೌಲ್, ಅಂದ್ರ ಲೀಗಿನ ಫೈನಲ್, ಫೆಬ್ರವರಿಯಾಗ ನಮ್ಮ ಸೋಮವಾರ ಬೆಳಿಗ್ಗೆ ಐದಕ್ಕ, ತಾಲೀಮಿಗೆ ಏಳೂ ಟೈಮಿನ್ಯಾಗ ಎದ್ರ ಸಾಕು. ಹೈಲೈಟ್ ಮಾತ್ರ ನೋಡಬ್ಯಾಡ್ರಿ, ಅದ್ರಾಗ ಕ್ಯಾಮೆರಾ ಚೆಂಡಿನ ಬೆನ್ನ ಹತ್ತಿ ಹೋಗ್ತೈತಿ, ಲೈನ್‌ಮನ್, ಅಂದ್ರ ಎದ್ರಿನವ್ರನ್ನ ತಡಿಯೂ ಆ ಐದು ಮಂದಿ, ಕಾಣೂದ ಇಲ್ಲ. ಪೂರಾ ಮ್ಯಾಚಿನ ರಿಪ್ಲೇ ನೋಡ್ರಿ, ಇಲ್ಲಾಂದ್ರ ಆಲ್-22 ಅಂತ ಒಂದು ಫಿಲ್ಮ್ ಬರ್ತೈತಿ, ಎರಡೂ ಕಡೆ ಸೇರಿ 22 ಮಂದಿ ಒಂದ ಫ್ರೇಮಿನ್ಯಾಗ ಕಾಣ್ತಾರ, ಕಲಿಯಾಕ ಅದಕ್ಕಿಂತ ಚಲೋದು ಇಲ್ಲ.

ಐದು ಮಂದಿ ಅಂದ್ರ ನಡುವ ಸೆಂಟರ್, ಅವನ ಆಜೂ ಬಾಜೂ ಇಬ್ರು ಗಾರ್ಡ್, ಅವ್ರ ಹೊರಗ ಇಬ್ರು ಟ್ಯಾಕಲ್. ನಂಬರ್ 50 ರಿಂದ 79 ರ ಒಳಗ ಇರ್ತೈತಿ, ಹಂಗಾಗಿ ಟೀವಿಯಾಗ ಹುಡುಕೂದು ತ್ರಾಸಿಲ್ಲ. ಒಬ್ಬೊಬ್ಬರು ಬಹುತೇಕ 135 ಕೆಜಿ ಮ್ಯಾಲ. ಹಿಂದ ಕ್ವಾರ್ಟರ್‌ಬ್ಯಾಕ್ ನಿಂತಿರ್ತಾನ, ಅಂವ ಚೆಂಡ್ ಒಗಿಯೂತನಕ ಅವನ ಮೈಗೆ ಯಾರೂ ಬರಬಾರ್ದು, ಇಲ್ಲಾ ಚೆಂಡ್ ಹಿಡ್ಕೊಂಡು ಓಡಂವಗ ಹಾದಿ ತೆಗದು ಕೊಡ್ಬೇಕು, ಇವ್ರ ಕೆಲಸ ಅಷ್ಟ. ಕ್ವಾರ್ಟರ್‌ಬ್ಯಾಕ್ ಬಲಗೈಯಂವ ಇದ್ರ ಅವನ ಬೆನ್ನು ಎಡಕ್ಕ ತಿರುಗಿರ್ತೈತಿ, ಆ ಕಡಿಂದ ಬರಂವ ಅವಗ ಕಾಣೂದಿಲ್ಲ, ಅದಕ್ಕ ಲೆಫ್ಟ್ ಟ್ಯಾಕಲ್‌ಗೆ ಅಷ್ಟು ಬೆಲಿ. 1985 ರಾಗ ವಾಷಿಂಗ್ಟನ್ ಕ್ವಾರ್ಟರ್‌ಬ್ಯಾಕ್ ಜೋ ಥೀಸ್‌ಮನ್ ಮ್ಯಾಲ ಎದುರು ಟೀಮಿನ ಲಾರೆನ್ಸ್ ಟೇಲರ್ ಬಿದ್ದಾಗ ಥೀಸ್‌ಮನ್ ಕಾಲ ಎಲಬು ಮುರೀತು, ಅಂವ ಮತ್ತ ಆಡಲೇ ಇಲ್ಲ. ಒಂದ ಹೊಡ್ತದಾಗ ಒಬ್ಬಾತನ ಕರಿಯರ್ ಮುಗದು ಹೋಗ್ತೈತಿ ಅಂದ್ರ ಅಡ್ಡ ನಿಲ್ಲಂವಂದು ಎಷ್ಟು ದೊಡ್ಡ ಜವಾಬ್ದಾರಿ ನೋಡ್ರಿ.

ಈಗ ಒಂದು ಪ್ಲೇ, ಅಂದ್ರ ಚೆಂಡ್ ಹಿಂದ ಕೊಟ್ಟಾಗಿಂದ ಆಟ ನಿಲ್ಲೂತನಕ, ನೋಡೂದು ಹೆಂಗ ಅಂತ ಹೇಳ್ತೀನಿ, ಇದನ್ನ ನಿಧಾನ ಓದ್ರಿ. ಚೆಂಡ್ ಮರತ ಬಿಡ್ರಿ. ಲೆಫ್ಟ್ ಟ್ಯಾಕಲ್‌ನ ಕಾಲ ಮ್ಯಾಲ ಕಣ್ಣಿಡ್ರಿ. ಸೆಂಟರ್ ಕಾಲ ಸಂದಿಂದ ಚೆಂಡ್ ಹಿಂದ ಕೊಟ್ಟ ಕೂಡ್ಲೇ ಇಂವ ಹೊರಗಿನ ಕಾಲು, ಅಂದ್ರ ಎಡಗಾಲು, ಹಿಂದಕ್ಕ ಜಾರಿಸ್ತಾನ, ಬಲಗಾಲು ಅದರ ಹಿಂದ ಎಳದಂಗ ಬರ್ತೈತಿ, ಎರಡೂ ಕಾಲು ಎಂದೂ ಕತ್ತರಿ ಆಗಬಾರ್ದು, ಸೊಂಟ ಕೆಳಗ, ಬೆನ್ನು ನೆಟ್ಟಗ. ಇದಕ್ಕ ಕಿಕ್ ಸ್ಲೈಡ್ ಅಂತಾರ. ನಮ್ಮ ವಸ್ತಾದ್ರು ಕೈಯಾಗ ಬಾರಕೋಲ ಹಿಡ್ಕೊಂಡು ನಿಲ್ತಿದ್ರು, ಸುತ್ತು ಹೊಡಿಯೂವಾಗ ನನ್ನ ಕಾಲು ಕೂಡಿದ್ರ ಸಾಕು ಮೀನಖಂಡಕ್ಕ ಒಂದ ಬಿಡ್ತಿದ್ರು, ಕಾಲು ಕೂಡಿದಂವ ಬಿದ್ದಂಗ ಅಂತಿದ್ರು, ಆ ಮಾತು ಇಲ್ಲಿ ಎಳ್ಳಷ್ಟೂ ಫರಕ್ ಇಲ್ಲ. ಆಮ್ಯಾಲ ಕೈ ನೋಡ್ರಿ. ಎದ್ರಿನಂವ ಹತ್ರ ಬಂದಾಗ ಮೊಳಕೈ ಪಕ್ಕಡಿಗೆ ಒತ್ತಿ ಎರಡೂ ಅಂಗೈ ಅವನ ಎದಿಗೆ ಗುದ್ದಿದಂಗ ಇಡ್ತಾನ, ಮೊದಲ ಯಾರ ಕೈ ಎದಿ ಒಳಗ ಹೋಯ್ತೋ ಅವನ ಗೆದ್ದಂಗ. ಕೈ ಭುಜದ ಹೊರಗ ಹೋಗಿ ಜರ್ಸಿ ಹಿಡದು ಜಗ್ಗಿದ ಅಂದ್ರ ಹೋಲ್ಡಿಂಗ್, 10 ಯಾರ್ಡ್ ದಂಡ, ಟೀಮ್ ಅಷ್ಟು ಹಿಂದಕ್ಕ ಸರೀಬೇಕು. ಎದ್ರಿನಂವ ನೇರ ಎದಿಗೆ ತಲಿ ಕೊಟ್ಟು ನೂಕಿದ್ರ ಇಂವ ಸೊಂಟ ಇನ್ನೂ ಕೆಳಗ ಇಳಿಸಿ ಹಿಮ್ಮಡಿ ಊರಿ ಕುಂತ ಬಿಡ್ತಾನ, ಬೈಠಕ್ ಹೊಡದವ್ರಿಗೆ ಆ ತೊಡಿ ಉರಿ ಏನಂತ ನೋಡಿದ ಕೂಡ್ಲೇ ಗೊತ್ತಾಗ್ತೈತಿ. ಹಿಂದಕ್ಕ ಎರಡು ಹೆಜ್ಜಿ ಹೋಗಿ ನಿಂತ ಅಂದ್ರ ಸೋತ ಅಂತ ತಿಳಿಬ್ಯಾಡ್ರಿ, ಕ್ವಾರ್ಟರ್‌ಬ್ಯಾಕ್‌ಗೆ ಮೂರು ಸೆಕೆಂಡ್ ಸಿಕ್ರ ಇಂವ ಗೆದ್ದ.

ಓಟದ ಪ್ಲೇ ಇದ್ರ ಇದರ ಉಲ್ಟಾ, ಅವಾಗ ಇಂವ ಮುಂದಕ್ಕ ಹೋಗಿ ಹೊಡೀತಾನ. ಗಾರ್ಡ್ ತನ್ನ ಜಾಗಾ ಬಿಟ್ಟು ಮಗ್ಗಲಿಗೆ ಓಡಿ ಹೋಗೂದು ಕಂಡ್ರ ಚೆಂಡ್ ಬಹುಶಃ ಆ ಕಡೆ ಹೊಂಟೈತಿ.

ಇನ್ನ ಕರಿಯರ್. ಇಲ್ಲಿ ಒಂದು ತೊಡಕು ಐತಿ, ರನ್ನು ವಿಕೆಟ್ ಇದ್ದಂಗ ಲೈನ್‌ಮನ್‌ಗೆ ಲೆಕ್ಕಾನ ಇಲ್ಲ, ಮೈಕಿನ್ಯಾಗ ಅವನ ನಂಬರ್ ಕೇಳೂದು ತಪ್ಪು ಮಾಡಿದಾಗ ಅಷ್ಟ. ಹಂಗಾಗಿ ಅವನ ಬೆಲಿ ತಿಳಿಬೇಕಂದ್ರ ಎಷ್ಟು ಮ್ಯಾಚ್ ಸ್ಟಾರ್ಟ್ ಮಾಡ್ಯಾನ, ಎಷ್ಟು ಸ್ನ್ಯಾಪ್, ಅಂದ್ರ ಎಷ್ಟು ಪ್ಲೇ ಆಡ್ಯಾನ, ಎರಡನೇ ಕಾಂಟ್ರ್ಯಾಕ್ಟ್ ಎಷ್ಟಕ್ಕ ಆಯ್ತು, ಈ ಮೂರು ನೋಡ್ರಿ. ಕ್ಲೀವ್‌ಲ್ಯಾಂಡ್ ಲೆಫ್ಟ್ ಟ್ಯಾಕಲ್ ಜೋ ಥಾಮಸ್ 2007 ರಿಂದ 2017 ತನಕ ಸತತ 10,363 ಸ್ನ್ಯಾಪ್ ಒಂದೂ ಬಿಡದಂಗ ಆಡಿದ, ಕೈ ಸ್ನಾಯು ಹರದಾಗ ಅಷ್ಟ ಹೊರಗ ಬಂದ. ಅವನ ಟೀಮ್ ಅಷ್ಟೂ ವರ್ಷ ಒಂದೂ ಪ್ಲೇಆಫ್ ಆಡ್ಲಿಲ್ಲ, ಆದ್ರೂ 2023 ರಾಗ ಅವನ್ನ ಹಾಲ್ ಆಫ್ ಫೇಮ್‌ಗೆ ತಗೊಂಡ್ರು. ನನಗ ಈ ಆಟದಾಗ ಎಲ್ಲಕ್ಕಿಂತ ದೊಡ್ಡ ಮರ್ಯಾದಿ ಇವನ ಮ್ಯಾಲ ಐತಿ.

ಹಾದಿ ಹಿಂಗೈತಿ. ಹೈಸ್ಕೂಲ್ ಮುಗಿಸಿ ಕಾಲೇಜು, ಹೈಸ್ಕೂಲ್ ಬಿಟ್ಟು ಮೂರು ವರ್ಷ ಆಗೂತನಕ ಡ್ರಾಫ್ಟ್‌ಗೆ, ಅಂದ್ರ ಟೀಮ್‌ಗಳು ಸರದಿ ಪ್ರಕಾರ ಹೊಸಬ್ರನ್ನ ಆರಿಸ್ಕೊಳ್ಳೂದಕ್ಕ, ಬರಾಕ ಬರೂದಿಲ್ಲ. ಆಮ್ಯಾಲ ಇಂಡಿಯಾನಾಪೊಲಿಸ್‌ದಾಗ ಕಂಬೈನ್, ಅಲ್ಲಿ ಕೈ ಉದ್ದ ಅಳೀತಾರ, 102 ಕೆಜಿ ಬೆಂಚ್ ಪ್ರೆಸ್ ಎಷ್ಟು ಸಲ ಎತ್ತತಾನ ಎಣಸ್ತಾರ, 40 ಯಾರ್ಡ್ ಓಡಸ್ತಾರ, ಲೈನ್‌ಮನ್‌ಗೆ ಮೊದಲ 10 ಯಾರ್ಡ್ ಅಷ್ಟ ಮುಖ್ಯ. ಏಪ್ರಿಲ್‌ದಾಗ ಡ್ರಾಫ್ಟ್, ಏಳು ರೌಂಡ್. ಕ್ಯಾಂಪಿಗೆ 90 ಮಂದಿ ಕರೀತಾರ, ಉಳಿಯೂದು 53, ಇನ್ನ ಕೆಲವ್ರು ಪ್ರ್ಯಾಕ್ಟೀಸ್ ಸ್ಕ್ವಾಡ್‌ನ್ಯಾಗ. 2020 ರಾಗ ಒಂದು ನಿಯಮ ಬಂತು, ಕನಿಷ್ಠ ಎಂಟು ಲೈನ್‌ಮನ್ ಇಟ್ಕೊಂಡ್ರ ಅಷ್ಟ ಮ್ಯಾಚಿನ ದಿನ 48 ಮಂದೀಗೆ ಡ್ರೆಸ್ ಹಾಕಿಸಿ ಆಡಾಕ ತಯಾರ ಇಡಬಹುದು. ಅದಕ್ಕ ಏಳನೇ ಎಂಟನೇ ಲೈನ್‌ಮನ್‌ಗೂ ಹೊಟ್ಟಿಪಾಡು ಐತಿ. ರೊಕ್ಕದ್ದು ಹೇಳೂದಾದ್ರ 2025 ರಾಗ ಹೊಸಬಗ ಕನಿಷ್ಠ ಸಂಬಳ ವರ್ಷಕ್ಕ 8,40,000 ಡಾಲರ್, ನಮ್ಮ ಲೆಕ್ಕದಾಗ ಸುಮಾರು ಏಳು ಕೋಟಿ. ಆದ್ರ ಟೀಮಿನಿಂದ ತೆಗದ್ರ ಉಳದ ಸಂಬಳ ಬಹಳಷ್ಟು ಸಲ ಬರೂದಿಲ್ಲ, ಹಂಗಾಗಿ ಪೇಪರ್‌ದಾಗ ದೊಡ್ಡ ಆಕಡಿ ಕಂಡ್ರ ಅದ್ರಾಗ ಗ್ಯಾರಂಟಿ ಎಷ್ಟು ಅಂತ ಮೊದಲ ನೋಡ್ರಿ.

ಡ್ರಾಫ್ಟ್‌ನ್ಯಾಗ ಹಿಂದ ಬಿದ್ದಂವ ಮುಗದ ಅಂತ ಬರೀಬ್ಯಾಡ್ರಿ. ಜೇಸನ್ ಕೆಲ್ಸಿ ಕಾಲೇಜಿಗೆ ಸ್ಕಾಲರ್‌ಶಿಪ್ ಇಲ್ಲದ ಹೋದಂವ, 2011 ರಾಗ 191ನೇ ನಂಬರಿಗೆ ಫಿಲಡೆಲ್ಫಿಯಾ ತಗೊಂತು, 13 ಸೀಸನ್ ಸೆಂಟರ್ ಆಡಿ 2024 ರಾಗ ಬಿಟ್ಟ. ಅದ ಟೀಮಿನ ಜೋರ್ಡನ್ ಮೈಲಾಟಾ ಕಥಿ ನಮ್ಮ ಹುಡುಗ್ರಿಗೆ ಇನ್ನೂ ಹತ್ರದ್ದು. ಸಿಡ್ನಿ ಹುಡುಗ, ಆರಡಿ ಎಂಟಿಂಚು, ರಗ್ಬಿ ಲೀಗ್ ಆಡಂವ, ಅಮೆರಿಕನ್ ಫುಟ್ಬಾಲ್ ಒಂದ ಮ್ಯಾಚೂ ಆಡಿದ್ದಿಲ್ಲ. ಹೊರದೇಶದವ್ರಿಗಂತ 2017 ರಾಗ ಶುರು ಮಾಡಿದ ಇಂಟರ್‌ನ್ಯಾಷನಲ್ ಪಾಥ್‌ವೇ ಪ್ರೋಗ್ರಾಮ್‌ಗೆ ಹೋಗಿ ಕಲ್ತ, 2018 ರ ಡ್ರಾಫ್ಟ್‌ನ್ಯಾಗ ಏಳನೇ ರೌಂಡ್, 233ನೇ ನಂಬರ್. ಎರಡು ವರ್ಷ ಒಂದೂ ಮ್ಯಾಚ್ ಆಡ್ಲಿಲ್ಲ, ಬರೇ ಕಾಲು ಕೈ ತಿದ್ದಿಸ್ಕೊಂಡ. 2020 ರಾಗ ಮೊದಲ ಸ್ಟಾರ್ಟ್, 2025 ರ ಫೆಬ್ರವರಿಯಾಗ ಸೂಪರ್ ಬೌಲ್ ಗೆದ್ದ ಟೀಮಿನ ಲೆಫ್ಟ್ ಟ್ಯಾಕಲ್. ನಮ್ಮ ಕಡೆ ಯಾರರ 2028 ರ ಲಾಸ್ ಏಂಜಲೀಸ್ ಒಲಿಂಪಿಕ್ಸ್‌ದಾಗ ಫುಟ್ಬಾಲ್ ಐತಿ, ದಪ್ಪ ಹುಡುಗ್ರನ್ನ ಕಳಸ್ರಿ ಅಂದ್ರ ನಂಬಬ್ಯಾಡ್ರಿ, ಅಲ್ಲಿ ಇರೂದು ಫ್ಲ್ಯಾಗ್ ಫುಟ್ಬಾಲ್, ಐದೈದು ಮಂದಿ, ಅದ್ರಾಗ ಹಿಂಗ ತಡಿಯೂ ಕೆಲಸಾನ ಇಲ್ಲ.

ಮನ್ಯಾಗಿನವ್ರು ಕೇಳೂದು ಮಾತ್ರ ಬ್ಯಾರೆ, ಪೆಟ್ಟಿಂದು. ಇದನ್ನ ಮುಚ್ಚಿ ಹೇಳೂದು ತಪ್ಪು. ಪಿಟ್ಸ್‌ಬರ್ಗ್ ಸೆಂಟರ್ ಮೈಕ್ ವೆಬ್‌ಸ್ಟರ್ ನಾಲ್ಕು ಸೂಪರ್ ಬೌಲ್ ಗೆದ್ದಂವ, 2002 ರಾಗ 50 ವಯಸ್ಸಿಗೆ ತೀರ್ಕೊಂಡ. ಡಾಕ್ಟರ್ ಬೆನೆಟ್ ಒಮಾಲು ಅವನ ಮೆದುಳು ಪರೀಕ್ಷಾ ಮಾಡಿ ಸಿಟಿಇ ಅನ್ನೂ ರೋಗ ಕಂಡು ಹಿಡದ್ರು, ತಲಿಗೆ ಮ್ಯಾಲಿಂದ ಮ್ಯಾಲ ಹೊಡ್ತ ಬಿದ್ದು ಬರೂದು. ಲೈನ್‌ಮನ್‌ಗೆ ಒಂದ ದೊಡ್ಡ ಹೊಡ್ತಕ್ಕಿಂತ ದಿನಾ ಬೀಳೂ ಸಣ್ಣ ಸಣ್ಣ ಹೊಡ್ತ ಜಾಸ್ತಿ. ಬಾಲ್ಟಿಮೋರ್ ಗಾರ್ಡ್ ಜಾನ್ ಅರ್ಶಲ್ 2017 ರಾಗ 26 ವಯಸ್ಸಿಗೆ ಆಟ ಬಿಟ್ಟು ಅಮೆರಿಕದ ಎಂಐಟಿಯಾಗ ಗಣಿತದ ಪಿಎಚ್‌ಡಿ ಮುಗಿಸಿದ. ಇನ್ನೊಬ್ಬ ಗಾರ್ಡ್ ಲೋರಾಂ ಡುವೆರ್ನೆ-ಟಾರ್ಡಿಫ್ ಆಡ್ಕೋತ ಆಡ್ಕೋತ ಡಾಕ್ಟರ್ ಆದ, 2020 ರಾಗ ಸೂಪರ್ ಬೌಲ್ ಗೆದ್ದು ಅದ ವರ್ಷ ಕೋವಿಡ್ ಬಂದಾಗ ಸೀಸನ್ ಬಿಟ್ಟು ವೃದ್ಧರ ಆರೈಕಿ ಮಾಡಾಕ ಹೋದ. ಅಕ್ಕಗ ನಾ ಈ ಇಬ್ಬರ ಹೆಸರು ಬರದ ಕಳಿಸೀನಿ. ಓದು ನಿಂದ್ರಬಾರ್ದು, ತಲಿ ತಿರುಗಿದ್ರ ಒಂದ ದಿನಾನೂ ಮುಚ್ಚಿಡಬಾರ್ದು ಅಂತ ಹುಡುಗನ ಕಡಿಂದ ಮಾತು ತಗೊಂಡೀನಿ. ಆಟ ಬಿಟ್ಟ ಮ್ಯಾಲ ಮೈ ಇಳಿಸೂದೂ ಒಂದು ಕೆಲಸ, ಜೋ ಥಾಮಸ್ 20 ಕೆಜಿ ಮ್ಯಾಲ ಇಳಿಸಿದ. ನಮ್ಮಲ್ಲಿ ಜೋರ್ ಬಿಟ್ಟ ಮ್ಯಾಲೂ ತುಪ್ಪ ಬದಾಮಿ ಹಾಲು ಬಿಡದ ಮೊಳಕಾಲು ಕಳ್ಕೊಂಡ ಪೈಲ್ವಾನರನ್ನ ಎಷ್ಟ ಮಂದೀನ ನೋಡೀನಿ ನಾ.

ಶುರು ಮಾಡೂದಾದ್ರ ಒಂದು ಟೀಮ್ ಹಿಡೀರಿ, ಅದ್ರಾಗ ಒಂದು ನಂಬರ್, ಮೊದಲ ಹತ್ತು ಪ್ಲೇ ಅವನ ಕಾಲ ಬಿಟ್ಟು ಏನೂ ನೋಡಬ್ಯಾಡ್ರಿ, ಮುಂದಿನ ಹತ್ತು ಪ್ಲೇ ಬರೇ ಕೈ. ಅಕ್ಕಗೂ ಹಿಂಗ ಹೇಳಿದ್ದೆ. ಹೋದ ತಿಂಗಳ ಶುಕ್ರವಾರದ ಮ್ಯಾಚ್ ಮುಗದ ಮ್ಯಾಲ ಫೋನ್ ಮಾಡಿದ್ಳು, ಟೀಮ್ ಗೆದ್ದಿತೋ ಸೋತಿತೋ ಹೇಳ್ಲೇ ಇಲ್ಲ, ತಮ್ಮಾ ಇವತ್ತ ಇಂವನ ಕಾಲು ಒಂದ ಸಲಾನೂ ಕೂಡ್ಲಿಲ್ಲ ನೋಡು ಅಂದ್ಳು.