ನಿರಾಶ್ರಿತರ ಶಿಬಿರದಲ್ಲಿ ನೀರಿನ ಜಗಳ ಕಡಿಮೆ ಮಾಡುವುದು ಹೇಗೆ?

ಶಿಬಿರದಲ್ಲಿ ಸ್ವಯಂಸೇವಕರಾಗಿ ಕೆಲಸ ಶುರು ಮಾಡುತ್ತಿದ್ದೀರಾ? ಮೊದಲ ದಿನ ಬೆಳಿಗ್ಗೆ ನಲ್ಲಿ ಹತ್ತಿರ ಹೋಗಿ ಸುಮ್ನೆ ನಿಂತುಕೊಳ್ಳಿ. ಯಾರು ಯಾರ ಜೊತೆ ಮಾತು ಬಿಟ್ಟಿದ್ದಾರೆ, ಯಾವ ಮನೆಯಿಂದ ಬರೀ ಮಕ್ಕಳೇ ಬರುತ್ತಾರೆ, ಯಾರ ಕ್ಯಾನು ದಿನಾ ಸಾಲಿನ ಮುಂದೆಯೇ ಇರುತ್ತದೆ, ಎಲ್ಲಾ ಅಲ್ಲೇ ಗೊತ್ತಾಗುತ್ತದೆ.

ಆಮೇಲೆ ಲೆಕ್ಕ. ನೆರವು ಸಂಸ್ಥೆಗಳು ಬಳಸುವ ಸ್ಫಿಯರ್ ಕೈಪಿಡಿಯ ಪ್ರಕಾರ ಒಬ್ಬರಿಗೆ ದಿನಕ್ಕೆ ಕನಿಷ್ಠ 15 ಲೀಟರ್ ನೀರು ಬೇಕು, ಒಂದು ನಲ್ಲಿಗೆ 250 ಜನಕ್ಕಿಂತ ಜಾಸ್ತಿ ಇರಬಾರದು, ಕಾಯುವುದು 30 ನಿಮಿಷ ದಾಟಬಾರದು. ನಲ್ಲಿಯಲ್ಲಿ ನಿಮಿಷಕ್ಕೆ 7.5 ಲೀಟರ್ ಬರುತ್ತದೆ ಅಂತ ಇಟ್ಟುಕೊಂಡ ಲೆಕ್ಕ ಇದು. ಅಂದರೆ 20 ಲೀಟರ್ ಕ್ಯಾನು ತುಂಬಲು ಸುಮಾರು ಎರಡೂಮುಕ್ಕಾಲು ನಿಮಿಷ, ಮುಂದೆ ಹತ್ತು ಕ್ಯಾನಿದ್ದರೆ ಹೆಚ್ಚುಕಡಿಮೆ ಅರ್ಧ ಗಂಟೆ ಅಲ್ಲೇ ಹೋಯಿತು. ಮೊಬೈಲಿನಲ್ಲಿ ಟೈಮ್ ನೋಡಿ. ಒಂದು ಕ್ಯಾನಿಗೆ ಐದು ನಿಮಿಷ ಹಿಡಿಯುತ್ತಿದ್ದರೆ ಜನರಿಗೆ ಬುದ್ಧಿ ಹೇಳಲು ಹೋಗಬೇಡಿ, ಪೈಪು, ವಾಲ್ವು, ಟ್ಯಾಂಕ್ ನೋಡಿ. ಎಷ್ಟೋ ಜಗಳ ಅರ್ಧ ಮುಚ್ಚಿದ ವಾಲ್ವಿನಿಂದಲೇ ಶುರುವಾಗಿರುತ್ತದೆ.

ಇನ್ನು ನೀರಿನ ವಿಷಯ ನೋಡಿಕೊಳ್ಳುವ ಶಿಬಿರದವರ ಸಮಿತಿ. ಹೊರಗಿನವರಿಗೆ ಮೊದಲು ಸಿಗುವುದು ಮಾತುಗಾರ ಗಂಡಸರು, ನೀರು ಹೊರುವವರು ಹೆಂಗಸರು ಮತ್ತು ಮಕ್ಕಳು. ಹಾಗಾಗಿ ಸಮಿತಿಯಲ್ಲಿ ಅರ್ಧದಷ್ಟಾದರೂ ಹೆಂಗಸರಿರಲಿ, ಸಭೆಯನ್ನು ನೀರು ಬರುವ ಹೊತ್ತಿಗೆ ಇಡಬೇಡಿ. ಎರಡು ಭಾಷೆ ಬಲ್ಲವರೊಬ್ಬರು ಬೇಕೇ ಬೇಕು. ಖಾಲಿ ಕ್ಯಾನಿಟ್ಟು ಜಾಗ ಹಿಡಿಯುವುದು ಸರಿಯಾ, ವಯಸ್ಸಾದವರು, ಬಸುರಿಯರು ಸಾಲಿನಲ್ಲಿ ನಿಲ್ಲಬೇಕಾ, ಇದನ್ನೆಲ್ಲ ಅವರೇ ತೀರ್ಮಾನಿಸಲಿ. ನೀವು ಬರೆದು ಅಂಟಿಸಿದ ನಿಯಮವನ್ನು ಯಾರೂ ಓದುವುದಿಲ್ಲ, ಅಲ್ವಾ?

ರೋಗಾಣು ಸಾಯಲಿ ಅಂತ ನೀರಿಗೆ ಹಾಕುವ ಕ್ಲೋರಿನ್ ವಾಸನೆ ಬರುತ್ತದೆ ಅಂತ ಕೆಲವರು ನಲ್ಲಿ ಬಿಟ್ಟು ಹಳ್ಳದ ನೀರು ತರುತ್ತಾರೆ. ಬೈಯಬೇಡಿ. ಲೀಟರಿಗೆ 0.2ರಿಂದ 0.5 ಮಿಲಿಗ್ರಾಂ ಉಳಿಕೆ ಕ್ಲೋರಿನ್ (ನಲ್ಲಿಗೆ ಬಂದ ಮೇಲೂ ನೀರಿನಲ್ಲಿ ಉಳಿದಿರುವ ಕ್ಲೋರಿನ್) ಇದೆಯಾ ಅಂತ ಅವರ ಮುಂದೆಯೇ ಪರೀಕ್ಷೆ ಮಾಡಿ ತೋರಿಸಿ, ಯಾಕೆ ಹಾಕುತ್ತಾರೆ ಅಂತ ಹೇಳಿ. ತುಂಬಿಸಿದ ನೀರಿಗೆ ಮುಚ್ಚಳ ಇರಲಿ. ನಲ್ಲಿಯ ಕೆಳಗೆ ನೀರು ನಿಲ್ಲದಂತೆ ಚರಂಡಿ ಮಾಡಿಸಿ, ಬಟ್ಟೆ ಒಗೆಯುವ ಜಾಗ ಬೇರೆ ಇರಲಿ.

ಸುತ್ತಲಿನ ಊರಿನವರನ್ನೂ ಮಾತಿಗೆ ಕರೆಯಿರಿ. ಅದೇ ಬೋರ್‌ವೆಲ್ಲೋ ಹಳ್ಳವೋ ಅವರಿಗೂ ಆಧಾರವಾಗಿದ್ದರೆ, ಶಿಬಿರಕ್ಕೆ ಮಾತ್ರ ಹೊಸ ನಲ್ಲಿ ಬಂದಾಗ ಅವರಿಗೆ ಹೊಟ್ಟೆ ಉರಿಯದೆ ಇರುತ್ತದಾ?

ಕೊನೆಗೆ, ಸ್ಪ್ಯಾನರ್, ವಾಷರ್, ಒಂದೆರಡು ಹೊಸ ನಲ್ಲಿಗಳನ್ನು ಶಿಬಿರದಲ್ಲೇ ಇರುವ ಇಬ್ಬರ ಕೈಗೆ ಕೊಟ್ಟು ರಿಪೇರಿ ಕಲಿಸಿ. ಈ ಸಾಮಾನಿಟ್ಟ ಪೆಟ್ಟಿಗೆಯ ಬೀಗದ ಕೈ ನಿಮ್ಮ ಜೇಬಿನಲ್ಲಿದ್ದರೆ, ನೀವು ರಜೆ ಹಾಕಿದ ದಿನವೇ ನಲ್ಲಿ ಕೆಡುತ್ತದೆ.